ಊರ್ಮಿಳಾ ಆಂಟಿ ತಿನ್ನದ ಕಾಯಿ ಬ್ರೆಡ್

ಶನಿವಾರ ಬೆಳಿಗ್ಗೆ ನಮ್ಮ ಪಕ್ಕದ ಮನೆಯಿಂದ ತೆಂಗಿನಕಾಯಿ ಬೇಯುವ ವಾಸನೆ ಬರುತ್ತಿತ್ತು. ಅದರ ಹಿಂದೆಯೇ ಉಪ್ಪುಮೀನಿನ ವಾಸನೆಯೂ ಬರುತ್ತಿದ್ದುದರಿಂದ ಅಮ್ಮ ಅಡುಗೆಮನೆಯ ಕಿಟಕಿ ಮುಚ್ಚುತ್ತಿದ್ದರು. ಸ್ವಲ್ಪ ಹೊತ್ತಿಗೆಲ್ಲ ಊರ್ಮಿಳಾ ಆಂಟಿ ಒಂದು ಚೀಲ ಹಿಡಿದು ಮನೆಯಿಂದ ಹೊರಬೀಳುತ್ತಿದ್ದರು. ಒಮ್ಮೊಮ್ಮೆ ತರಕಾರಿಗೆ, ಒಮ್ಮೊಮ್ಮೆ ದೇವಸ್ಥಾನಕ್ಕೆ, ಎಲ್ಲಿಗೂ ಹೋಗುವುದಿಲ್ಲದಿದ್ದರೆ ನಮ್ಮ ಮನೆಗೆ.

ನಾವಿರುವುದು ಅಮೆರಿಕದಲ್ಲಿ, ವಾಷಿಂಗ್ಟನ್ ಹತ್ತಿರದ ರಾಕ್‌ವಿಲ್‌ನ ಒಂದು ಟೌನ್‌ಹೌಸಿನಲ್ಲಿ. ಆಂಟಿಯ ಮನೆಗೂ ನಮ್ಮ ಮನೆಗೂ ಒಂದೇ ಗೋಡೆ. ನಾನು ಬೆಳೆದದ್ದೂ ಇದೇ ಮನೆಯಲ್ಲಿ. ಇಲ್ಲಿ ಬರೆದಿರುವುದರಲ್ಲಿ ಕೆಲವನ್ನು ನಾನೇ ನೋಡಿದ್ದೇನೆ. ಉಳಿದದ್ದು ಆಂಟಿ ನಮ್ಮ ಅಮ್ಮನ ಹತ್ತಿರ ಹೇಳಿಕೊಂಡದ್ದು. ಅವರ ಮನೆಯೊಳಗೆ ಎಲ್ಲರೂ ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದರು. ಆಂಟಿ ಅದನ್ನು ಕನ್ನಡದಲ್ಲಿ ಹೇಗೆ ಹೇಳಿದರೋ ಹಾಗೆಯೇ ಬರೆದಿದ್ದೇನೆ.

ಆಂಟಿ ಮೈಸೂರಿನವರು. ಬಿ.ಎಸ್ಸಿ. ಮುಗಿಸಿ, ಇಲ್ಲಿದ್ದ ಅಕ್ಕನ ಮನೆಗೆ ಬಂದು, ಒಂದು ಔಷಧಿ ಕಂಪನಿಯ ಲ್ಯಾಬಿನಲ್ಲಿ ಕೆಲಸಕ್ಕೆ ಸೇರಿದರು. ಅಲ್ಲಿನ ಯಂತ್ರಗಳನ್ನು ರಿಪೇರಿ ಮಾಡಲು ಬರುತ್ತಿದ್ದವರು ಸುರೇಶ್ ಅಂಕಲ್. ಅಂಕಲ್ ವೆಸ್ಟ್ ಇಂಡೀಸಿನ ಟ್ರಿನಿಡಾಡ್ ದ್ವೀಪದವರು. ಅವರ ಮುತ್ತಜ್ಜ ಬಿಹಾರದ ಕಡೆಯಿಂದ ಕಬ್ಬಿನ ಗದ್ದೆಯ ಕೂಲಿಗೆಂದು ಹಡಗು ಹತ್ತಿ ಹೋದವರಂತೆ. ಮದುವೆಯ ಮಾತು ಬಂದಾಗ ಆಂಟಿಯ ತಂದೆ ಮೈಸೂರಿನಿಂದ ಫೋನಿನಲ್ಲಿ, "ಸುರೇಶ ಅಂತ ಹೆಸರಿದೆಯಲ್ಲ, ನಮ್ಮೋರೇ ಬಿಡು" ಎಂದು ಒಪ್ಪಿಬಿಟ್ಟರು. ಆಮೇಲೆ ಅಳಿಯನಿಗೆ ನಮ್ಮ ದೇಶದ ಒಂದು ಭಾಷೆಯೂ ಬರುವುದಿಲ್ಲವೆಂದು ತಿಳಿದಾಗ, "ಹೋಗಲಿ, ಹನುಮಂತನ್ನ ಪೂಜೆ ಮಾಡ್ತಾನಂತೆ" ಎಂದು ಸಮಾಧಾನ ಮಾಡಿಕೊಂಡರಂತೆ. ಅಂಕಲ್ ಮೀನು ತಿನ್ನುತ್ತಾರೆ ಎಂಬುದನ್ನು ಅವರಿಗೆ ಯಾರೂ ಹೇಳಲಿಲ್ಲ.

ಅಂಕಲ್‌ಗೆ ತಾಯಿ ಒಬ್ಬರೇ ಇದ್ದರು, ಸುಮಿಂತ್ರಾ ಎಂದು ಹೆಸರು. ನಾನು ಅವರನ್ನು ಅಜ್ಜಿ ಎನ್ನುತ್ತಿದ್ದೆ. ಮಗನ ಮದುವೆಯಾದ ವರ್ಷವೇ ಅವರು ಟ್ರಿನಿಡಾಡಿನಿಂದ ಬಂದು ಇಲ್ಲೇ ಉಳಿದರು. ಊರ್ಮಿಳಾ ಆಂಟಿಯನ್ನು ಅವರು ಹೆಸರು ಹಿಡಿದು ಕರೆದದ್ದೇ ಇಲ್ಲ. "ದುಲಹಿನ್" ಎನ್ನುತ್ತಿದ್ದರು. ಹಾಗೆಂದರೆ ಮದುಮಗಳು. ಅವರ ಕಡೆ ಸೊಸೆಯನ್ನು ಕೊನೆಯವರೆಗೂ ಹಾಗೆಯೇ ಕರೆಯುತ್ತಾರಂತೆ.

ಆಂಟಿಯದು ಮೊಟ್ಟೆಯನ್ನೂ ಮುಟ್ಟದ ಮನೆತನ. ಅಜ್ಜಿ ಬಂದ ಮೊದಲ ವಾರದಲ್ಲೇ ಮನೆಯಲ್ಲಿ ಒಂದು ಏರ್ಪಾಡಾಯಿತು. ಯಾರೂ ಕೂತು ಮಾತಾಡಿ ಮಾಡಿಕೊಂಡದ್ದಲ್ಲ, ತಾನಾಗಿ ಆದದ್ದು. ವಾರವೆಲ್ಲ ಅಡುಗೆಮನೆ ಆಂಟಿಯದು, ಶನಿವಾರ ಬೆಳಿಗ್ಗೆ ಮಾತ್ರ ಅಜ್ಜಿಯದು. ಶುಕ್ರವಾರವೇ ಒಣ ಉಪ್ಪುಮೀನನ್ನು ನೀರಿನಲ್ಲಿ ನೆನೆಹಾಕಿ, ಬೆಳಿಗ್ಗೆ ಅದನ್ನು ಈರುಳ್ಳಿ, ಟೊಮೆಟೊ ಜೊತೆ ಹುರಿದು, ಅದಕ್ಕೆ ಜೋಡಿಯಾಗಿ ಅಜ್ಜಿ ತಮ್ಮೂರಿನ ಬ್ರೆಡ್ ಮಾಡುತ್ತಿದ್ದರು. ಅವರು ಅದನ್ನು ಬೇಕ್ ಎನ್ನುತ್ತಿದ್ದರು, ನಮ್ಮ ಅಮ್ಮ ಕಾಯಿ ಬ್ರೆಡ್ ಎನ್ನುತ್ತಿದ್ದರು. ಯೀಸ್ಟ್ ಇಲ್ಲ, ಮೊಟ್ಟೆ ಇಲ್ಲ. ಮೈದಾ, ತೆಂಗಿನತುರಿ, ಬೆಣ್ಣೆ, ಬೇಕಿಂಗ್ ಪೌಡರ್, ಉಪ್ಪು, ಚಿಟಿಕೆ ಸಕ್ಕರೆ. ದಪ್ಪ ರೊಟ್ಟಿಯಂತೆ ತಟ್ಟಿ, ಫೋರ್ಕಿನಿಂದ ಅಲ್ಲಲ್ಲಿ ಚುಚ್ಚಿ, ಓವನ್ನಿನಲ್ಲಿ ಬೇಯಿಸಿದರೆ ಆಯಿತು.

ಬ್ರೆಡ್ಡಿನಲ್ಲಿ ಆಂಟಿ ತಿನ್ನಬಾರದ್ದು ಏನೂ ಇರಲಿಲ್ಲ. ಆದರೆ ಅದನ್ನು ಕೊಯ್ಯುವ ಚಾಕು ಮೀನಿನದು, ಇಡುವ ತಟ್ಟೆ ಮೀನಿನದು, ಹಿಟ್ಟು ಕಲಸಿದ ಕೈಯೂ ಮೀನು ಬಿಡಿಸಿದ್ದು. ಮೊದಲ ಶನಿವಾರ ಅಜ್ಜಿ ಒಂದು ದೊಡ್ಡ ತುಂಡನ್ನು ಬಟ್ಟೆಯಲ್ಲಿ ಸುತ್ತಿ ಸೊಸೆಯ ಮುಂದಿಟ್ಟರು. ಆಂಟಿ, "ಆಮೇಲೆ ತಿಂತೀನಿ ಮಾ" ಎಂದರು. ಸೋಮವಾರ ಅದನ್ನು ಲ್ಯಾಬಿಗೆ ಒಯ್ದು ಜೊತೆಯವರಿಗೆ ಕೊಟ್ಟರು. ಮುಂದಿನ ಶನಿವಾರವೂ ಅದೇ ಮಾತು. ಹೀಗೆ ಎಂಟು ವರ್ಷ ನಡೆಯಿತು. ಲ್ಯಾಬಿನಲ್ಲಿ ಸೋಮವಾರ ಅದಕ್ಕಾಗಿ ಕಾಯುವವರೇ ಹುಟ್ಟಿಕೊಂಡರು. ಅಜ್ಜಿಗೆ ಇದು ಗೊತ್ತಿಲ್ಲವೆಂದೇ ಆಂಟಿ ತಿಳಿದಿದ್ದರು.

ಅಜ್ಜಿ ಕೆಟ್ಟ ಅತ್ತೆಯಾಗಿದ್ದರೆ ಈ ಕಥೆ ಬೇರೆಯಾಗುತ್ತಿತ್ತು. ಮಧ್ಯೆ ಒಂದು ವರ್ಷ ಆಂಟಿಗೆ ಗರ್ಭ ನಿಂತು, ಐದು ತಿಂಗಳಿಗೆ ಹೋಯಿತು. ಆಪರೇಷನ್ ಆಗಿ ಮಲಗಿದ್ದಾಗ ಅಜ್ಜಿ ನಮ್ಮ ಮನೆಗೆ ಬಂದು, ಸಾರು ಮಾಡುವುದು ಹೇಗೆಂದು ಅಮ್ಮನ ಪಕ್ಕದಲ್ಲಿ ನಿಂತು ಕಲಿತರು. ಅದಕ್ಕೆಂದೇ ಹೊಸ ಪಾತ್ರೆ, ಹೊಸ ಸೌಟು ಕೊಂಡು ತಂದರು. ಆ ಒಂದೂವರೆ ತಿಂಗಳು ಮನೆಗೆ ಮೀನು ತರಲಿಲ್ಲ. ಅಜ್ಜಿಯ ಸಾರಿಗೆ ಹುಳಿ ಜಾಸ್ತಿಯಾಗುತ್ತಿತ್ತು. ಆಂಟಿ ಅದನ್ನು ಕುಡಿದೇ ಎದ್ದು ಓಡಾಡುವಂತಾದರು.

ಸೊಂಟದುದ್ದ ಹಿಮ ಬಿದ್ದ ಒಂದು ಚಳಿಗಾಲದ ನಂತರ ಅಜ್ಜಿಗೆ ಮರೆವು ಶುರುವಾಯಿತು. ಮೊದಲು ಓವನ್ ಆರಿಸುವುದು ಮರೆತರು. ಆಮೇಲೆ ಶನಿವಾರವನ್ನೇ ಮರೆತರು. ಬೇಸಿಗೆ ಕಳೆಯುವಷ್ಟರಲ್ಲಿ ಮಗನನ್ನು ತಮ್ಮ ಅಣ್ಣನ ಹೆಸರಿನಿಂದ ಕರೆಯುತ್ತಿದ್ದರು, ಸೊಸೆಯನ್ನು "ಏ ಹುಡುಗಿ" ಎನ್ನುತ್ತಿದ್ದರು. ಆಂಟಿ ಲ್ಯಾಬಿನಲ್ಲಿ ಅರ್ಧ ದಿನದ ಕೆಲಸಕ್ಕೆ ಇಳಿದರು. ಕೊನೆಗೆ ಅಜ್ಜಿ ಊಟವನ್ನೂ ಬಿಟ್ಟರು. ಅನ್ನ ಕೊಟ್ಟರೆ ತಟ್ಟೆಯ ಅಂಚಿಗೆ ತಳ್ಳಿ ಕೂರುತ್ತಿದ್ದರು. ತೋಳು ಕಡ್ಡಿಯಾಗಿ ಬಳೆ ಮೊಣಕೈವರೆಗೆ ಜಾರುತ್ತಿತ್ತು.

ಡಾಕ್ಟರು ನೇರವಾಗಿ ಹೇಳಿದರು. ಮುಂದಿನ ತಿಂಗಳು ತೂಕ ಇನ್ನೂ ಇಳಿದಿದ್ದರೆ ಮನೆಯಲ್ಲಿ ಇಟ್ಟುಕೊಳ್ಳುವುದು ಆಗುವುದಿಲ್ಲ, ನರ್ಸಿಂಗ್ ಹೋಮಿಗೆ ಸೇರಿಸಬೇಕು. ಅಲ್ಲಿ ಮೂಗಿನಿಂದಲೋ ಹೊಟ್ಟೆಯಿಂದಲೋ ನಳಿಕೆ ಹಾಕಿ ಆಹಾರ ಕೊಡುತ್ತಾರೆ. ಅಂಕಲ್ ಆ ಶನಿವಾರವೇ ಹೋಗಿ ಒಂದು ಜಾಗ ನೋಡಿಕೊಂಡು ಬಂದರು.

"ನೋಡೋಕೆ ಚೆನ್ನಾಗಿದೆ, ಕಿಟಕಿ ಇದೆ" ಎಂದರಂತೆ.

"ಕಿಟಕಿ ಇಲ್ಲಿಲ್ವಾ?" ಎಂದು ಆಂಟಿ ಕೇಳಿದರು.

"ಊರ್ಮಿ, ಅವಳು ನಮ್ಮ ಕಣ್ಣೆದುರಿಗೇ ಉಪವಾಸ ಸಾಯ್ತಿದಾಳೆ. ನೀನು ಏನು ಮಾಡಿ ಹಾಕಿದರೂ ಬಾಯಿಗಿಡಲ್ಲ. ನನಗೂ ಕೈಕಾಲು ಆಡ್ತಿಲ್ಲ."

ಹಾಗೆಂದು ಅಂಕಲ್ ಗ್ಯಾರೇಜಿಗೆ ಹೋಗಿ ಕೂತುಬಿಟ್ಟರು. ಅಜ್ಜಿ ಅಡುಗೆಮನೆಯ ಕುರ್ಚಿಯಲ್ಲೇ ಇದ್ದರು. ತಾವಾಗಿ ಏನನ್ನೂ ಕೇಳುವುದನ್ನು ಬಿಟ್ಟು ಎಷ್ಟೋ ದಿನವಾಗಿತ್ತು. ಅವತ್ತು ಒಲೆಯ ಕಡೆ ನೋಡುತ್ತ, "ಬೇಕ್ ಆಯ್ತಾ?" ಎಂದು ಕೇಳಿದರಂತೆ.

ಮರುದಿನ ಆಂಟಿ ನಮ್ಮ ಮನೆಗೆ ಬಂದವರು ಸೋಫಾದ ತುದಿಯಲ್ಲಿ ಕೂತು ಅಮ್ಮನನ್ನು ಕೇಳಿದರು.

"ಉಷಾ, ಆ ಬೇಕ್ ಮಾಡೋದು ಹೇಗೆ ಅಂತ ನಿಮಗೇನಾದ್ರೂ ಗೊತ್ತಾ?"

"ನನಗೆ ಹೇಗ್ರೀ ಗೊತ್ತಾಗುತ್ತೆ? ಎಂಟು ವರ್ಷದಿಂದ ಅದೇ ಮನೇಲಿ ಇರೋರು ನೀವು" ಎಂದರು ಅಮ್ಮ.

"ಮನೇಲಿ ಎಲ್ಲಿದ್ದೆ? ಶನಿವಾರ ಆದ್ರೆ ಇಲ್ಲಿ ಬಂದು ಕೂತಿರ್ತಿದ್ದೆ."

"ಮಾಡಿ ನೋಡಿ. ರುಚಿ ನೋಡ್ತಾ ನೋಡ್ತಾ ಹದ ಸಿಗುತ್ತೆ."

ಆಂಟಿ, "ಯಾವುದಕ್ಕೆ ಹೋಲಿಸಿ ರುಚಿ ನೋಡ್ಲಿ? ನಾನು ಅದನ್ನ ಒಂದು ಸಲಾನೂ ತಿಂದಿಲ್ಲ ಕಣ್ರೀ" ಎಂದರು. ಇದನ್ನು ಅವರು ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. ಅಮ್ಮನಿಗೆ ನಗು ಬರುವಂತಾಗಿತ್ತು, ಆಂಟಿಯ ಮುಖ ನೋಡಿ ತಡೆದುಕೊಂಡರು.

ಆ ವಾರ ಆಂಟಿ ಸಿಕ್ಕವರನ್ನೆಲ್ಲ ಕೇಳಿದರು. ಅಂಕಲ್, "ಹೇಗಿರುತ್ತೆ ಅಂದ್ರೆ... ಅಮ್ಮನ ಬೇಕ್ ಇದ್ದ ಹಾಗಿರುತ್ತೆ" ಎಂದರು. ಲ್ಯಾಬಿನಲ್ಲಿ ವರ್ಷಗಟ್ಟಲೆ ತಿಂದವನೊಬ್ಬ, "ಬೆಣ್ಣೆ ಹಚ್ಚಿದರೆ ಬಹಳ ಚೆನ್ನಾಗಿರ್ತಿತ್ತು. ಮತ್ತೆ ಯಾವಾಗ ತರ್ತೀಯ?" ಎಂದ. ಕೊನೆಗೆ ಆಂಟಿ ಮೆಟ್ರೊ ಹತ್ತಿ, ವಾಷಿಂಗ್ಟನ್ನಿನ ಜಾರ್ಜಿಯಾ ಅವೆನ್ಯೂನಲ್ಲಿ ದ್ವೀಪದ ಕಡೆಯವರು ನಡೆಸುವ ಬೇಕರಿಗೆ ಹೋದರು. ಗಲ್ಲಾದಲ್ಲಿದ್ದ ಹೆಂಗಸು ತಲೆಯಾಡಿಸಿ, "ಅದು ಅಂಗಡಿಯಲ್ಲಿ ಮಾರೋದಲ್ಲಮ್ಮ, ಮನೇಲಿ ಮಾಡೋದು. ನಿನ್ನ ಅತ್ತೇನ ಕೇಳು" ಎಂದು ಕಳಿಸಿದಳಂತೆ.

ಮೊದಲ ಸಲ ಆಂಟಿ ಹಿಟ್ಟನ್ನು ಚಪಾತಿಗೆ ನಾದುವ ಹಾಗೆ ಚೆನ್ನಾಗಿ ನಾದಿದರು. ಅಷ್ಟು ನಾದಬಾರದೆಂದು ಅವರಿಗೆ ಗೊತ್ತಿರಲಿಲ್ಲ. ಓವನ್ನಿನಿಂದ ತೆಗೆದು ತಟ್ಟೆಗೆ ಹಾಕಿದಾಗ ಟಣ್ ಎಂದಿತು. ಅಂಕಲ್ ಅದನ್ನು ಬಗ್ಗಿಸಲು ನೋಡಿ, "ಊರ್ಮಿ, ಲೇಸ್ ಕಟ್ಟಿದ್ರೆ ಕಾಲಿಗೆ ಹಾಕ್ಕೊಂಡು ಕೆಲಸಕ್ಕೆ ಹೋಗಬಹುದು" ಎಂದರು. ಆಂಟಿಗೂ ನಗು ಬಂತು. ಆ ಮನೆಯಲ್ಲಿ ನಗು ಕೇಳಿ ಬಹಳ ದಿನವಾಗಿತ್ತು. ಅಜ್ಜಿ ಮಾತ್ರ ತಟ್ಟೆಯನ್ನು ಅಂಚಿಗೆ ತಳ್ಳಿದರು.

ಎರಡನೆಯ ಸಲ ನಾದುವುದನ್ನು ಕಡಿಮೆ ಮಾಡಿದರು. ಮೂರನೆಯದಕ್ಕೆ ಬೆಣ್ಣೆ ಹೆಚ್ಚಿಸಿದರು. ಅದು ಚೆನ್ನಾಗಿಯೇ ಬಂದಿತ್ತು. ಆಂಟಿ ನಮಗೂ ಒಂದು ತುಂಡು ಕೊಟ್ಟದ್ದರಿಂದ ಹೇಳುತ್ತಿದ್ದೇನೆ. ಬೆಳ್ಳಗೆ, ಮೆತ್ತಗೆ, ಕಾಯಿಹೋಳಿಗೆಯ ಹೂರಣದ ಪರಿಮಳ. ಅಜ್ಜಿ ಅದನ್ನು ಒಂದು ಸಲ ಕಚ್ಚಿ, ಬಾಯಿಂದ ತೆಗೆದು, ಮೇಜಿನ ಮೇಲೆ ಇಟ್ಟರು. "ಇದು ಕೇಕು. ಬೇಕ್ ಎಲ್ಲಿ?" ಎಂದರು.

ಅಂಕಲ್‌ಗೆ ಇದು ಸಾಕಾಗಿ ಹೋಗಿತ್ತು. "ಮಾಡಬೇಡ ಊರ್ಮಿ. ನಿನಗೆ ಬರಲ್ಲ ಅಂತಲ್ಲ, ಅವಳಿಗೆ ಇನ್ನು ಯಾವುದೂ ಸೇರಲ್ಲ. ಹೋಮಿನೋರು ಫೋನ್ ಮಾಡಿದ್ರು. ಜಾಗ ಖಾಲಿ ಆಗಿದೆಯಂತೆ."

"ಡಾಕ್ಟರು ಹೇಳಿದ ದಿನದವರೆಗೆ ಬಿಡಿ" ಎಂದು ಆಂಟಿ ಬೇಡಿಕೊಂಡರು.

ಮತ್ತೆ ಶನಿವಾರ ಬಂತು. ಆಂಟಿ ನೆಲದ ಮೇಲೆ ತುರಿಮಣೆ ಹಾಕಿಕೊಂಡು ಕಾಯಿ ತುರಿಯುತ್ತಿದ್ದರು. ಮೈಸೂರಿನಿಂದ ತಂದ ತುರಿಮಣೆ ಅದು. ನಮ್ಮ ಕಡೆಯ ಹೆಂಗಸರಿಗೆ ಕಾಯಿ ತುರಿಯುವುದರಲ್ಲಿ ಒಂದು ಅಚ್ಚುಕಟ್ಟಿದೆ. ಹೋಳನ್ನು ತಿರುಗಿಸುತ್ತ ಬಿಳಿಯನ್ನು ಮಾತ್ರ ತೆಗೆಯಬೇಕು, ಕರಟಕ್ಕೆ ಅಂಟಿದ ಕಂದು ಸಿಪ್ಪೆ ಒಂದು ಚೂರೂ ತುರಿಗೆ ಬೀಳಬಾರದು. ಬಿದ್ದರೆ ಚಟ್ನಿಯ ಬಣ್ಣ ಕೆಡುತ್ತದೆ, ನೋಡಿದವರು ಕೈ ಸರಿಯಿಲ್ಲ ಎನ್ನುತ್ತಾರೆ. ಆಂಟಿಯ ತುರಿ ಮಲ್ಲಿಗೆಯ ಹಾಗಿರುತ್ತಿತ್ತು. ಅವರು ತುರಿದು ಮುಗಿಸಿ ಕರಟವನ್ನು ಕಸದ ಬುಟ್ಟಿಗೆ ಹಾಕಿದರು.

ಕುರ್ಚಿಯಲ್ಲಿದ್ದ ಅಜ್ಜಿ ಸಿಟ್ಟಿನಿಂದ ಎದ್ದು ನಿಂತರು.

"ಏ ಹುಡುಗಿ, ಯಾರ ಮನೆ ಕಾಯಿ ಅಂತ ಬಿಸಾಡ್ತಿದೀಯ?"

"ಆಯ್ತು ಮಾ, ತುರಿದಾಯ್ತು. ಬರೀ ಕರಟ ಅದು."

"ಬರೀ ಕರಟವಂತೆ. ಅರ್ಧ ಕಾಯಿ ಅದರಲ್ಲೇ ಇದೆ. ನಿಮ್ಮಮ್ಮ ನಿನಗೆ ಏನೂ ಕಲಿಸಲಿಲ್ವಾ?"

ಅಜ್ಜಿ ಬಗ್ಗಿ ಬುಟ್ಟಿಯೊಳಗೆ ಕೈಹಾಕಿ ಕರಟ ತೆಗೆದರು. ಚಮಚದ ಹಿಡಿಯಿಂದ ಒಳಗಿನ ಕಂದು ಸಿಪ್ಪೆಯನ್ನು ಎಬ್ಬಿಸಲು ನೋಡಿದರು. ಬೆರಳಿನಲ್ಲಿ ಶಕ್ತಿ ಇರಲಿಲ್ಲ. ಒಂದು ಚಕ್ಕೆ ಎದ್ದು ಬಂದದ್ದನ್ನು ಬಾಯಿಗೆ ಹಾಕಿಕೊಂಡು ಅಗಿದರು. ಎಷ್ಟೋ ದಿನದ ಮೇಲೆ ಅವರು ಅಗಿದು ನುಂಗಿದ್ದನ್ನು ಆಂಟಿ ನೋಡಿದರು.

ಅಟ್ಟದ ಡಬ್ಬಿಯಲ್ಲಿ ಅಜ್ಜಿಯದೊಂದು ತಗಡಿನ ತುರಿಯುವ ಹಲಗೆ ಇತ್ತು. ಆಂಟಿ ಹೊಸ ಕಾಯಿ ಒಡೆದು, ಹೋಳನ್ನು ಚಾಕುವಿನಿಂದ ಎಬ್ಬಿಸಿ, ಕಂದು ಸಿಪ್ಪೆಯ ಸಮೇತ ಅದರ ಮೇಲೆ ಉಜ್ಜಿದರು. ತುರಿ ಮಾಸಲಾಗಿ, ಜಿಡ್ಡುಜಿಡ್ಡಾಗಿ ಬಂತು. ನಮ್ಮ ಕಡೆ ಯಾರಾದರೂ ಅದನ್ನು ನೋಡಿದ್ದರೆ ಕಾಯಿ ಹಳೆಯದೆಂದು ಚೆಲ್ಲುತ್ತಿದ್ದರು. ಹಿಟ್ಟನ್ನು ಆಂಟಿ ಕೂಡಿಸಿದರೇ ಹೊರತು ನಾದಲಿಲ್ಲ. ಓವನ್ನಿನಿಂದ ತೆಗೆದಾಗ ಬ್ರೆಡ್ಡಿನ ತುಂಬ ಕಂದು ಚುಕ್ಕೆ. ಗೋಡೆಯಾಚೆಯಿಂದ ನಮ್ಮ ಮನೆಗೆ ಬಂದದ್ದು ಹಳೆಯ ಶನಿವಾರದ ವಾಸನೆಯೇ. ಅಮ್ಮ ಕಿಟಕಿ ಮುಚ್ಚಲಿಲ್ಲ.

ಅಂಕಲ್ ಅಷ್ಟರಲ್ಲಿ ಉಪ್ಪುಮೀನು ಹುರಿದಿದ್ದರು. ಆ ಮನೆಯಲ್ಲಿ ಆಂಟಿ ಇದ್ದಾಗಲೇ ಮೀನು ಹುರಿದದ್ದು ಅದೇ ಮೊದಲು. ಒಂದು ತುಂಡಿನ ಮೇಲೆ ಸ್ವಲ್ಪ ಮೀನು ಹಾಕಿ ತಾಯಿಯ ಮುಂದಿಟ್ಟು, ಅಂಕಲ್ ಗೋಡೆಗೆ ಒರಗಿ ನಿಂತರು. ಅಜ್ಜಿ ಮೂಸಿದರು. ಕಚ್ಚಿದರು. ನಿಧಾನವಾಗಿ ಅರ್ಧ ತುಂಡು ತಿಂದರು. ಅಂಕಲ್ ಮುಖ ತಿರುಗಿಸಿಕೊಂಡು ಗ್ಯಾರೇಜಿಗೆ ಹೋದರು. ಆಂಟಿ ಅಜ್ಜಿಯ ಎದುರು ಕುರ್ಚಿಯಲ್ಲಿ ಕೂತರು.

ಅಜ್ಜಿ ಉಳಿದ ಅರ್ಧವನ್ನು, ಮೀನಿನ ಸಮೇತ, ಅವರ ಕಡೆ ಚಾಚಿದರು.

"ತಗೋ ಹುಡುಗಿ. ಕೆಲಸ ಮಾಡಿದೀಯ, ತಿನ್ನು."

ಆಂಟಿ ಯೋಚಿಸಿ ಹೇಳಿದ್ದಲ್ಲ, ನಾಲಗೆಗೆ ಅಂಟಿಕೊಂಡಿದ್ದ ಮಾತು ಹೊರಗೆ ಬಂತು. "ಆಮೇಲೆ ತಿಂತೀನಿ ಮಾ."

ಅಜ್ಜಿ ಕೈ ಹಿಂದಕ್ಕೆ ತೆಗೆದುಕೊಂಡರು.

"ನನ್ನ ದುಲಹಿನ್ನೂ ಹೀಗೇ ಅಂತಾಳೆ" ಎಂದರು. "ಒಳ್ಳೆ ಹುಡುಗಿ. ಓದಿದೋಳು. ಆದರೆ ನನ್ನ ಬೇಕ್ ಒಂದು ದಿನಾನೂ ತಿಂದಿಲ್ಲ. ನನಗೆ ಕಣ್ಣು ಕಾಣಲ್ಲ ಅಂತ ತಿಳಿದಿದಾಳೆ. ಚೀಲಕ್ಕೆ ಹಾಕ್ಕೊಂಡು ಹೋಗ್ತಾಳೆ, ಎಲ್ಲಿ ಬಿಸಾಡ್ತಾಳೋ."

"ಬಿಸಾಡಲ್ಲ ಮಾ" ಎಂದರು ಆಂಟಿ. "ಜೊತೆಯೋರಿಗೆ ಕೊಡ್ತಾಳೆ."

"ನೀನು ನೋಡಿದ್ಯಾ?"

"ನೋಡಿದೀನಿ."

"ಹಾಗಿದ್ರೆ ವಾಸಿ" ಎಂದು ಅಜ್ಜಿ ಮೇಜಿನ ಮೇಲೆ ಬಿದ್ದ ಪುಡಿಯನ್ನು ಒಂದೊಂದಾಗಿ ಆರಿಸತೊಡಗಿದರು.

ಆಂಟಿ ಎದ್ದು, ಟ್ರೇಯಲ್ಲಿ ಮೀನು ಸೋಕದೆ ಉಳಿದಿದ್ದ ಕಡೆಯಿಂದ ಒಂದು ತುಂಡು ಮುರಿದುಕೊಂಡು ಬಂದು, ಅಜ್ಜಿಯ ಎದುರಿಗೇ ಕೂತು ತಿಂದರು. ಮೀನು ತಿನ್ನುವುದು ಅವರಿಂದ ಆಗುತ್ತಿರಲಿಲ್ಲ, ಆಗಲೂ ಆಗಲಿಲ್ಲ. ಕಂದು ಸಿಪ್ಪೆ ಹಲ್ಲಿಗೆ ಸಿಕ್ಕಿ ಸ್ವಲ್ಪ ಒಗರಾಗಿ, ಹುರಿದ ಕೊಬ್ಬರಿಯ ಹಾಗಿತ್ತಂತೆ. ಪೂರ್ತಿ ಮುಗಿಯುವವರೆಗೂ ಅಜ್ಜಿ ಅವರ ಬಾಯಿಯನ್ನೇ ನೋಡುತ್ತಿದ್ದರು.

"ಉಪ್ಪು ಸಾಕಾ?" ಎಂದು ಕೇಳಿದರು.

"ಸ್ವಲ್ಪ ಕಮ್ಮಿ ಮಾ."

"ನನಗೂ ಹಾಗೇ ಅನ್ನಿಸ್ತು."

ಡಾಕ್ಟರು ಹೇಳಿದ ದಿನ ಬಂತು. ತೂಕ ಏರಿರಲಿಲ್ಲ, ಆದರೆ ಇಳಿದೂ ಇರಲಿಲ್ಲ. ಚಳಿಗಾಲ ಕಳೆಯಲಿ, ಆಮೇಲೆ ನೋಡೋಣ ಎಂದು ಡಾಕ್ಟರು ಹೇಳಿದರು. ಅಂಕಲ್ ಹೋಮಿನವರಿಗೆ ಫೋನ್ ಮಾಡಿ ಜಾಗ ಬೇರೆಯವರಿಗೆ ಕೊಡಲು ಹೇಳಿದರು. ಆಂಟಿ ಈಗ ಶನಿವಾರ ಎಲ್ಲಿಗೂ ಹೋಗುವುದಿಲ್ಲ, ವಾರದ ಮಧ್ಯದಲ್ಲೂ ಬ್ರೆಡ್ ಮಾಡುತ್ತಾರೆ. ಅಜ್ಜಿ ತಿನ್ನುವ ದಿನವೂ ಇದೆ, ತಟ್ಟೆ ತಳ್ಳುವ ದಿನವೂ ಇದೆ. ತಳ್ಳಿದ ದಿನ ಗೋಡೆಯಾಚೆ ಅಂಕಲ್ ಆಂಟಿಯರ ಮಾತು ಜೋರಾಗುವುದು ನಮಗೆ ಕೇಳಿಸುತ್ತದೆ. ಇದು ಎಷ್ಟು ದಿನ ನಡೆಯುತ್ತದೆ ಎಂದು ಯಾರಿಗೂ ಗೊತ್ತಿಲ್ಲ.

ಹೋದ ವಾರ ಅಜ್ಜಿ ಮಲಗಿದ್ದಾಗ ಆಂಟಿ ಬಂದಿದ್ದರು. ಕೈಯಲ್ಲಿ ಹಿಟ್ಟು ಹಾಗೇ ಇತ್ತು.

"ನಿಮ್ಮನ್ನ ಗುರುತು ಹಿಡೀತಾರೇನ್ರೀ?" ಎಂದು ಅಮ್ಮ ಕೇಳಿದರು.

"ಇಲ್ಲ. ದಿನಾ ಸೊಸೆ ಮೇಲೆ ನನ್ನ ಹತ್ರನೇ ದೂರು ಹೇಳ್ತಾರೆ. ನಿನ್ನೆ ತಡೆಯೋಕಾಗದೆ ಹೇಳಿಬಿಟ್ಟೆ, ಮಾ, ಆ ಸೊಸೆ ನಾನೇ, ತಪ್ಪಾಯ್ತು ಅಂತ."

"ಏನಂದ್ರು?"

"ನಕ್ಕುಬಿಟ್ರು. 'ಸುಳ್ಳು ಹೇಳಬೇಡ ಹುಡುಗಿ, ನೀನು ತಿಂತೀಯಲ್ಲ' ಅಂದ್ರು."

ಗೋಡೆಯಾಚೆ ಕುರ್ಚಿ ಎಳೆದ ಸದ್ದಾಯಿತು. ಅಜ್ಜಿ ಎದ್ದರೆಂದು ಆಂಟಿ ಬಾಗಿಲನ್ನೂ ಮುಚ್ಚದೆ ಹೋದರು.